ಪರಿತ್ಯಾಗದ ಕಾರಣಕ್ಕೆ ವಿಚ್ಛೇದನ: ಸಾಬೀತುಪಡಿಸುವ ಬಗೆ

ಸಂಗಾತಿ ಮನೆ ಬಿಟ್ಟು ಹೋಗಿ ಎರಡು ವರ್ಷ ಕಳೆದರೆ ವಿಚ್ಛೇದನ ತಾನಾಗಿಯೇ ಸಿಗುತ್ತದೆ ಎಂಬ ನಂಬಿಕೆ ಅನೇಕರಲ್ಲಿದೆ. ಅದು ಸರಿಯಲ್ಲ. 1976ರ ತಿದ್ದುಪಡಿಯ ಮೂಲಕ 1955ರ ಹಿಂದೂ ವಿವಾಹ ಕಾಯ್ದೆಯ 13(1)(ಐಬಿ) ಸೆಕ್ಷನ್‌ಗೆ ಸೇರಿದ ಪರಿತ್ಯಾಗವೆಂಬ ಆಧಾರವು, ಸಕಾರಣವಿಲ್ಲದೆ, ಅರ್ಜಿದಾರರ ಒಪ್ಪಿಗೆಯಿಲ್ಲದೆ ಅಥವಾ ಅವರ ಇಚ್ಛೆಗೆ ವಿರುದ್ಧವಾಗಿ ತೊರೆದಿರುವುದನ್ನು ಕೇಳುತ್ತದೆ. ಬೇಕೆಂದೇ ಮಾಡಿದ ಕಡೆಗಣನೆಯೂ ಇದರಲ್ಲಿ ಸೇರುತ್ತದೆ.

ಮೊದಲು ದಿನಾಂಕವನ್ನು ಖಚಿತಪಡಿಸಿಕೊಳ್ಳಬೇಕು. ಅರ್ಜಿ ಸಲ್ಲಿಸುವ ದಿನಕ್ಕೆ ಸರಿಯಾಗಿ ಹಿಂದಿನ ಎರಡು ವರ್ಷ ಪರಿತ್ಯಾಗವು ಎಡೆಬಿಡದೆ ನಡೆದಿರಬೇಕು. ಆದರೆ ಮನೆ ಬಿಟ್ಟ ದಿನವೇ ಎಣಿಕೆಯ ಮೊದಲ ದಿನವಾಗಬೇಕಿಲ್ಲ. ಹೆರಿಗೆಗೆಂದು ತವರಿಗೆ ಹೋದ ಪತ್ನಿ ಆರು ತಿಂಗಳ ಬಳಿಕ ಇನ್ನು ಬರುವುದಿಲ್ಲವೆಂದು ಪತ್ರ ಬರೆದರೆ, ಬೇರೆಯಾಗಿರುವಿಕೆಯ ಜೊತೆಗೆ ಸಂಸಾರವನ್ನೇ ಕಡಿದುಕೊಳ್ಳುವ ಉದ್ದೇಶವೂ ಕೂಡಿದ ಆ ದಿನದಿಂದ ಲೆಕ್ಕ ಶುರುವಾಗುತ್ತದೆ.

ನಡುವೆ ಒಂದು ದಿನ ಬಂದುಹೋದರೆ ಎಣಿಕೆ ಮುರಿಯುತ್ತದೆಯೇ? 2022ರಲ್ಲಿ ಸುಪ್ರೀಂ ಕೋರ್ಟ್ ತೀರ್ಮಾನಿಸಿದ ಪ್ರಕರಣವೊಂದರಲ್ಲಿ, ಅತ್ತೆ ತೀರಿಕೊಂಡಾಗ ಪತ್ನಿ ಗಂಡನ ಮನೆಗೆ ಬಂದು ಒಂದು ದಿನ ಇದ್ದು ಮರಳಿದ್ದರು. ಸಂಸಾರ ಮುಂದುವರಿಸುವ ಇರಾದೆ ಇದರಿಂದ ಕಾಣುವುದಿಲ್ಲ ಎಂದ ನ್ಯಾಯಾಲಯ, ಪರಿತ್ಯಾಗದ ಆಧಾರದಲ್ಲೇ ವಿಚ್ಛೇದನ ನೀಡಿತು.

ಎರಡನೆಯದು ಉದ್ದೇಶದ ಸಾಕ್ಷ್ಯ. ಬೇರೆ ಬೇರೆ ವಾಸವಿರುವುದನ್ನು ತೋರಿಸಲು ಬಾಡಿಗೆ ಕರಾರು, ಆಧಾರ್ ವಿಳಾಸ, ನೆರೆಹೊರೆಯವರ ಹೇಳಿಕೆ ಸಾಕಾದೀತು. ಮನಸ್ಸಿನಲ್ಲಿರುವುದನ್ನು ಮಾತ್ರ ನಡತೆಯಿಂದಲೇ ಊಹಿಸಬೇಕಾದ್ದರಿಂದ ಪತ್ರ, ವಾಟ್ಸ್‌ಆ್ಯಪ್ ಸಂದೇಶ, ಲೀಗಲ್ ನೋಟಿಸ್ ಮತ್ತು ಅದಕ್ಕೆ ಬಂದ ಉತ್ತರ, ರಾಜಿ ಪಂಚಾಯಿತಿಯಲ್ಲಿ ಕುಳಿತಿದ್ದ ಹಿರಿಯರ ಸಾಕ್ಷ್ಯ ಇವೆಲ್ಲ ಮುಖ್ಯವಾಗುತ್ತವೆ. ಮೊಬೈಲ್ ಸಂದೇಶಗಳ ಮುದ್ರಿತ ಪ್ರತಿಯ ಜೊತೆಗೆ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಸೆಕ್ಷನ್ ಹೇಳುವ ಪ್ರಮಾಣಪತ್ರವನ್ನೂ ಇಟ್ಟರೆ ತಕರಾರಿಗೆ ಎಡೆ ಕಡಿಮೆ.

ಹೆಚ್ಚಿನ ಅರ್ಜಿಗಳು ಎಡವುವುದು ಮೂರನೆಯ ಹಂತದಲ್ಲಿ, ಅಂದರೆ ಅರ್ಜಿದಾರರ ಸ್ವಂತ ನಡತೆ ಪರೀಕ್ಷೆಗೆ ಒಳಗಾದಾಗ ಎಂಬುದು ನನ್ನ ಅಭಿಪ್ರಾಯ. ಬಿಪಿನ್‌ಚಂದ್ರ ಮತ್ತು ಪ್ರಭಾವತಿ ಪ್ರಕರಣದಲ್ಲಿ ಪತ್ನಿಯನ್ನು ಗಂಡನ ಮನೆಗೆ ಕಳುಹಿಸಲು ತವರಿನವರು ಸಿದ್ಧರಾಗಿದ್ದಾಗ, ಕಳುಹಿಸಕೂಡದೆಂದು ಪತಿಯೇ ಟೆಲಿಗ್ರಾಂ ಕೊಟ್ಟಿದ್ದರು. ಬರಲು ಸಿದ್ಧರಿದ್ದವರನ್ನು ತಡೆದವರು ತಮ್ಮನ್ನು ತೊರೆದರೆಂದು ಹೇಳುವಂತಿಲ್ಲ. 1956ರಲ್ಲಿ ಸುಪ್ರೀಂ ಕೋರ್ಟ್ ಪತಿಯ ವಾದವನ್ನು ಒಪ್ಪಲಿಲ್ಲ. ಹಿಂಸೆ ಕೊಟ್ಟು ಸಂಗಾತಿಯನ್ನು ಹೊರಹಾಕಿದರೆ, ಮನೆಯಲ್ಲೇ ಉಳಿದವರು ಕಾನೂನಿನ ಕಣ್ಣಿಗೆ ಪರಿತ್ಯಾಗ ಮಾಡಿದವರಾಗುತ್ತಾರೆ. ಆದ್ದರಿಂದ ಮರಳಿ ಕರೆದದ್ದಕ್ಕೆ ಪುರಾವೆ ಇರಲಿ, ಮತ್ತು ಆ ಕರೆ ಪ್ರಾಮಾಣಿಕವಾಗಿರಲಿ. ನಾಲ್ಕು ಪುಟ ದೂಷಿಸಿ ಕೊನೆಯ ಸಾಲಿನಲ್ಲಿ ‘ಬಂದು ಸಂಸಾರ ನಡೆಸತಕ್ಕದ್ದು’ ಎನ್ನುವ ನೋಟಿಸನ್ನು ಎದುರು ಪಕ್ಷದ ವಕೀಲರು ಪಾಟೀಸವಾಲಿನಲ್ಲಿ ಸುಮ್ಮನೆ ಬಿಡುವುದಿಲ್ಲ.

ಅರ್ಜಿಯನ್ನು ಕೌಟುಂಬಿಕ ನ್ಯಾಯಾಲಯಕ್ಕೆ ಸಲ್ಲಿಸಬೇಕು. ಅದಿಲ್ಲದ ಕಡೆ ಸಂಬಂಧಪಟ್ಟ ಸಿವಿಲ್ ನ್ಯಾಯಾಲಯಕ್ಕೆ. ಮದುವೆ ನಡೆದ, ಎದುರುದಾರರು ವಾಸಿಸುವ ಅಥವಾ ದಂಪತಿ ಕೊನೆಯದಾಗಿ ಒಟ್ಟಿಗಿದ್ದ ಊರು ಯಾವ ನ್ಯಾಯಾಲಯದ ವ್ಯಾಪ್ತಿಗೆ ಬರುತ್ತದೋ ಅಲ್ಲಿ ಸಲ್ಲಿಸಬಹುದು. ಅರ್ಜಿದಾರರು ಪತ್ನಿಯಾಗಿದ್ದರೆ, 2003ರ ತಿದ್ದುಪಡಿಯಂತೆ, ತಾವಿರುವ ಊರಿನ ನ್ಯಾಯಾಲಯಕ್ಕೂ ಹೋಗಬಹುದು. ಯಾವಾಗ, ಯಾವ ಸಂದರ್ಭದಲ್ಲಿ ತೊರೆದರು, ಯಾರು ಸಂಧಾನಕ್ಕೆ ಹೋದರು ಎಂಬ ವಿವರಗಳನ್ನು ಅರ್ಜಿಯಲ್ಲೇ ಬರೆಯಬೇಕು, ಏಕೆಂದರೆ ಅರ್ಜಿಯಲ್ಲಿಲ್ಲದ ಸಂಗತಿಯನ್ನು ಸಾಕ್ಷಿಕಟ್ಟೆಯಲ್ಲಿ ಮೊದಲ ಬಾರಿ ಹೇಳಿದರೆ ಅದಕ್ಕೆ ತೂಕವಿರುವುದಿಲ್ಲ.

ಎದುರುದಾರರು ಹಾಜರಾಗದೆ ಪ್ರಕರಣ ಏಕಪಕ್ಷೀಯವಾದರೂ ಪುರಾವೆಯ ಹೊಣೆ ತಪ್ಪುವುದಿಲ್ಲ. ಹಿಂದೂ ವಿವಾಹ ಕಾಯ್ದೆಯ 23ನೇ ಸೆಕ್ಷನ್ ಪ್ರಕಾರ ನ್ಯಾಯಾಲಯಕ್ಕೆ ಆಗಲೂ ಮನವರಿಕೆಯಾಗಬೇಕು. ಕ್ರಿಮಿನಲ್ ಪ್ರಕರಣದಷ್ಟು ಕಟ್ಟುನಿಟ್ಟಿನ ಪುರಾವೆ ಬೇಡ, ಸಂಭವನೀಯತೆ ಯಾರ ಕಡೆ ಹೆಚ್ಚು ವಾಲುತ್ತದೆ ಎಂಬುದೇ ಅಳತೆ.

ಪುರಾವೆ ದುರ್ಬಲವಾಗಿದೆ, ಸಂಗಾತಿಗೂ ಬಿಡುಗಡೆ ಬೇಕಾಗಿದೆ ಎಂದಾದರೆ 13ಬಿ ಸೆಕ್ಷನ್‌ನ ಪರಸ್ಪರ ಒಪ್ಪಿಗೆಯ ಅರ್ಜಿಯೇ ಹಗುರ. ಡಿಕ್ರಿ ಯಾವ ದಾರಿಯಲ್ಲಿ ಬಂದರೂ ಜೀವನಾಂಶದ ಪ್ರಶ್ನೆ ಬೇರೆಯಾಗಿ ಉಳಿಯಬಹುದು. ಡಿಕ್ರಿಯ ವಿರುದ್ಧ ಮೇಲ್ಮನವಿಗೆ ಅವಕಾಶವಿದ್ದಲ್ಲಿ, ಅದರ ಅವಧಿ ಮುಗಿಯುವವರೆಗೆ ಅಥವಾ ಸಲ್ಲಿಸಿದ ಮೇಲ್ಮನವಿ ವಜಾ ಆಗುವವರೆಗೆ, 15ನೇ ಸೆಕ್ಷನ್ ಪ್ರಕಾರ, ಮರುಮದುವೆಯಾಗುವಂತಿಲ್ಲ.