ತುಮಕೂರಿನ ಸೆಕೆಯಲ್ಲಿ ಹ್ಯಾಮ್‌ಸ್ಟರ್ ಸಾಕಿದ್ದು

ಇಲಿಯಂಥ ಪುಟ್ಟ ಸಾಕುಪ್ರಾಣಿ ಹ್ಯಾಮ್‌ಸ್ಟರ್ ತರಬೇಕು ಅಂತಿದ್ದರೆ ಅಂಗಡಿಗೆ ಸಂಜೆ ಹೊತ್ತು ಹೋಗಿ. ಹಗಲು ಹೋದರೆ ಎಲ್ಲವೂ ಒಂದರ ಮೇಲೊಂದು ಬಿದ್ದು ಮಲಗಿರುತ್ತವೆ. ಯಾವುದು ಚುರುಕು, ಯಾವುದಕ್ಕೆ ಹುಷಾರಿಲ್ಲ, ಒಂದೂ ಗೊತ್ತಾಗುವುದಿಲ್ಲ. ದೀಪ ಹಚ್ಚುವ ಹೊತ್ತಿಗೆ ಎದ್ದು ಓಡಾಡಲು ಶುರು ಮಾಡುತ್ತವೆ. ಆಗ ಕಣ್ಣಲ್ಲಿ ಗೀಜು ಇದೆಯಾ, ಮೂಗು ಸೋರುತ್ತಿದೆಯಾ, ಕೂದಲು ಉದುರಿ ಚರ್ಮ ಕಾಣುತ್ತಿದೆಯಾ ನೋಡಿ. ಎಲ್ಲಕ್ಕಿಂತ ಮುಖ್ಯ ಹಿಂಭಾಗ. ಬಾಲದ ಸುತ್ತ ಒದ್ದೆಯಾಗಿ ಅಂಟಂಟಾಗಿದ್ದರೆ ಅದನ್ನಷ್ಟೇ ಅಲ್ಲ, ಆ ಪಂಜರದ ಯಾವುದನ್ನೂ ತರಬೇಡಿ. ಅದು ವೆಟ್ ಟೇಲ್ ಅನ್ನುವ ಭೇದಿ. ಮರಿಗಳಿಗೆ ಬಂದರೆ ಒಂದೆರಡು ದಿನದಲ್ಲೇ ಜೀವ ಹೋಗಬಹುದು.

"ಜೋಡಿ ತಗೊಳ್ಳಿ ಸಾರ್, ಒಂದೇ ಇದ್ರೆ ಬೇಜಾರಾಗುತ್ತೆ" ಅಂತ ಅಂಗಡಿಯವರು ಹೇಳಿಯೇ ಹೇಳುತ್ತಾರೆ. ಕೇಳಬೇಡಿ. ನಾನು ತಂದಿದ್ದು ಸಿರಿಯನ್ ಜಾತಿ, ಹೊಂಬಣ್ಣದ್ದು. ಇದು ಒಂಟಿ ಪ್ರಾಣಿ. ಮರಿಗಳಾಗಿದ್ದಾಗ ಒಟ್ಟಿಗಿರುತ್ತವೆ, ಬೆಳೆದ ಮೇಲೆ ರಕ್ತ ಬರುವ ಹಾಗೆ ಕಚ್ಚಾಡುತ್ತವೆ, ಸಾಯಿಸುವುದೂ ಉಂಟು. ಗಂಡು ಹೆಣ್ಣು ಸೇರಿದರಂತೂ ಇನ್ನೊಂದು ತಲೆನೋವು. ಗರ್ಭ ಕಟ್ಟಿದ 16 ದಿನಕ್ಕೆಲ್ಲ ಮರಿ ಹಾಕಿಬಿಡುತ್ತದೆ. ರೋಬೊ, ಕ್ಯಾಂಪ್‌ಬೆಲ್ ಅಂತ ಹೆಬ್ಬೆರಳುದ್ದದ ಕುಳ್ಳ ಜಾತಿಗಳೂ ಸಿಗುತ್ತವೆ. ನೋಡೋಕೆ ಚೆಂದ. ಆದರೆ ಮಿಂಚಿನಂತೆ ಓಡುತ್ತವೆ, ಕೈಗೆ ಸಿಗುವುದಿಲ್ಲ. ಮನೆಯಲ್ಲಿ ಮಕ್ಕಳಿದ್ದರೆ ಸಿರಿಯನ್ನೇ ವಾಸಿ.

ಬಣ್ಣ ನೋಡಿ ಮಗಳು ಅದಕ್ಕೆ ಗೋಧಿ ಅಂತ ಹೆಸರಿಟ್ಟಳು. ಅಮ್ಮ ಮಾತ್ರ "ಇಲಿ ಹಿಡಿಯೋಕೆ ಬೋನು ಇಡ್ತೀವಿ, ನೀನು ದುಡ್ಡು ಕೊಟ್ಟು ತಂದಿದ್ದೀಯಲ್ಲಪ್ಪ" ಅಂದರು. ಈಗ ಸೌತೆಕಾಯಿ ಹೆಚ್ಚುವಾಗ ತುದಿ ತೆಗೆದಿಡುವುದು ಅವರೇ.

ಸಾಕು ಸಿರಿಯನ್ ಹ್ಯಾಮ್‌ಸ್ಟರ್‌ಗಳ ಮೂಲ ಸಿರಿಯಾದ ಅಲೆಪ್ಪೊ ಸುತ್ತಲಿನ ಹೊಲಗಳು. 1930ರಲ್ಲಿ ಇಸ್ರೇಲ್ ಅಹರೋನಿ ಎಂಬ ಪ್ರಾಣಿಶಾಸ್ತ್ರಜ್ಞ ಅಲ್ಲಿನ ಗೋಧಿ ಹೊಲ ಅಗೆಸಿ ಒಂದು ತಾಯಿಯನ್ನೂ ಮರಿಗಳನ್ನೂ ಹಿಡಿದ. ಇವತ್ತು ಮನೆಮನೆಯಲ್ಲಿ ಇರುವ ಸಿರಿಯನ್‌ಗಳು ಹೆಚ್ಚುಕಡಿಮೆ ಎಲ್ಲವೂ ಆ ಸಂಸಾರದ ಕುಡಿಗಳೇ. ಬಿಸಿಲು ನಾಡಿನ ಪ್ರಾಣಿ, ನಮ್ಮ ಸೆಕೆ ತಡೆಯುತ್ತದೆ ಅಂತ ಎಷ್ಟೋ ಜನ ಅಂದುಕೊಳ್ಳುತ್ತಾರೆ. ಅದು ಬಿಸಿಲಲ್ಲಿ ಬದುಕಿದ್ದಲ್ಲ, ಬಿಸಿಲಿನಿಂದ ತಪ್ಪಿಸಿಕೊಂಡು ಬದುಕಿದ್ದು. ಹಗಲೆಲ್ಲ ನೆಲದೊಳಗಿನ ತಂಪು ಬಿಲದಲ್ಲಿ ಮಲಗಿ, ಹೊತ್ತು ಮುಳುಗುವಾಗ ಹೊರಗೆ ಬರುವ ಪ್ರಾಣಿ. ಬಿಲ ಇಲ್ಲದ ಹ್ಯಾಮ್‌ಸ್ಟರ್‌ಗೆ ಮನೆ ಇಲ್ಲ ಅಂತಲೇ ಲೆಕ್ಕ.

ಅಂಗಡಿಯಲ್ಲಿ ಜೊತೆಗೆ ಮಾರುವ ಗುಲಾಬಿ ಬಣ್ಣದ ತಂತಿ ಪಂಜರ ನೋಡಿ. ಮೊಳದುದ್ದ ಇರುತ್ತದೆ, ತಳದಲ್ಲಿ ಒಂದಿಂಚು ಹೊಟ್ಟು. ಅಗೆಯೋದೆಲ್ಲಿ? ಅಂಥ ಪಂಜರದಲ್ಲಿ ರಾತ್ರಿಯೆಲ್ಲ ಕಂಬಿ ಕಡಿಯುತ್ತಾ ಕೂರುತ್ತದೆ. ಕನಿಷ್ಠ 100 ಸೆಂ.ಮೀ. ಉದ್ದ, 50 ಸೆಂ.ಮೀ. ಅಗಲ ಜಾಗ ಕೊಡಿ ಅನ್ನುವುದು ಈಗ ತಿಳಿದವರ ಸಲಹೆ. ನಾನು ಗುಜರಿ ಅಂಗಡಿಯಿಂದ ಗಾಜಿನ ಬಾಗಿಲಿನ ಹಳೇ ಶೋಕೇಸ್ ತಂದೆ. ಬಡಗಿಯ ಹತ್ತಿರ ಮೇಲಿನ ಹಲಗೆ ಕೊಯ್ಸಿ, ಗಾಳಿಯಾಡಲು ಕಬ್ಬಿಣದ ಜಾಲರಿ ಹೊಡೆಸಿದೆ. ಒಳಗಿನ ತಟ್ಟೆಗಳನ್ನು ಕಿತ್ತು, ಗಾಜಿನ ಹಿಂದೆ ಒಂದಡಿ ಎತ್ತರದ ಅಡ್ಡಪಟ್ಟಿ ಕೂರಿಸಿದರು. ಇಲ್ಲದಿದ್ದರೆ ಬಾಗಿಲು ಸರಿಸಿದ ಕೂಡಲೇ ಹಾಸೆಲ್ಲ ಹೊರಗೆ. "ಇಲಿಗೆ ಬಂಗ್ಲೆನಾ ಸಾರ್?" ಅಂತ ಬಡಗಿ ನಕ್ಕಿದ್ದೇ ನಕ್ಕಿದ್ದು.

ಹಾಸು ಅಂದರೆ ಸಾಮಿಲ್ ಹೊಟ್ಟು ಪುಕ್ಕಟೆ ಸಿಗುತ್ತದಲ್ಲ ಅನ್ನಬಹುದು. ಅದರಲ್ಲಿ ಯಾವ್ಯಾವ ಮರ ಸೇರಿದೆಯೋ ಗೊತ್ತಾಗಲ್ಲ. ನೀಲಗಿರಿ, ಪೈನ್ ಥರ ಘಾಟು ಇರುವ ಮರದ ಪುಡಿಯೂ ಧೂಳೂ ಅದರ ಪುಟ್ಟ ಶ್ವಾಸಕೋಶಕ್ಕೆ ಆಗಿಬರುವುದಿಲ್ಲ. ನಾನು ಮುದ್ರಣವಿಲ್ಲದ ಬಿಳಿ ಕಾಗದದ ಚೂರು, ಹರಿದ ಟಿಶ್ಯೂ, ನಡುನಡುವೆ ಬಿಸಿಲಿಗೆ ಚೆನ್ನಾಗಿ ಒಣಗಿಸಿದ ರಾಗಿ ಹುಲ್ಲು ಹಾಕಿದೆ. ಬರೀ ಕಾಗದವಾದರೆ ಸುರಂಗ ಕುಸಿಯುತ್ತದೆ, ಹುಲ್ಲು ಸೇರಿದರೆ ನಿಲ್ಲುತ್ತದೆ. ಮುಕ್ಕಾಲು ಅಡಿಗಿಂತ ಜಾಸ್ತಿ ಆಳ ಇದೆ. ಗಾಜಿಗೆ ಕಣ್ಣಿಟ್ಟು ಕೂತರೆ ಒಳಗಿನ ಕೆಲಸ ಕಾಣುತ್ತದೆ. ಮುಂಗಾಲಲ್ಲಿ ಕೆದರಿ ಹೊಟ್ಟೆ ಕೆಳಗೆ ತಳ್ಳುತ್ತದೆ, ಹಿಂಗಾಲಲ್ಲಿ ಒದ್ದು ಹಿಂದಕ್ಕೆ ಎಸೆಯುತ್ತದೆ, ಆಮೇಲೆ ತಿರುಗಿ ಮೂತಿಯಿಂದ ಗೋಡೆ ಒತ್ತುತ್ತದೆ. ಮೆತ್ತಗಿರಲಿ ಅಂತ ಹತ್ತಿಯನ್ನು ಮಾತ್ರ ಹಾಕಬೇಡಿ. ಎಳೆ ಕಾಲಿಗೆ ಸುತ್ತಿಕೊಳ್ಳುತ್ತದೆ, ನುಂಗಿದರೆ ಕರುಳಲ್ಲಿ ಸಿಕ್ಕಿಕೊಳ್ಳುತ್ತದೆ.

ನಮ್ಮದು ತೆಂಗಿನ ಸೀಮೆ. ಚಿಪ್ಪಿಗೇನು ಬರ? ನಾರೆಲ್ಲ ಕೆರೆದು, ಪಕ್ಕದಲ್ಲಿ ಒಂದು ತೂತು ಕೊರೆದು ಕವುಚಿಟ್ಟರೆ ಅಡಗೋಕೆ ಜಾಗ. ಅದು ಒಳಗೆ ಓಡಿ ತಿರುಗಿಸುವ ಚಕ್ರವನ್ನು ಮಾತ್ರ ದುಡ್ಡು ಕೊಟ್ಟು ಒಳ್ಳೆಯದನ್ನೇ ತನ್ನಿ. ಸಿರಿಯನ್‌ಗೆ 28 ಸೆಂ.ಮೀ. ವ್ಯಾಸದ್ದು ಬೇಕು, ಓಡುವ ಪಟ್ಟಿ ಸಂದಿಲ್ಲದೆ ಪೂರ್ತಿ ಮುಚ್ಚಿರಬೇಕು. ಕಂಬಿ ಚಕ್ರದಲ್ಲಿ ಕಾಲು ಸಿಕ್ಕಿ ಮುರಿಯುತ್ತದೆ. ಚಿಕ್ಕ ಚಕ್ರದಲ್ಲಿ ಬೆನ್ನು ಬಾಗಿಸಿಯೇ ಓಡಬೇಕಾಗುತ್ತದೆ. ನೀರಲ್ಲಿ ಸ್ನಾನ ಬೇಡವೇ ಬೇಡ. ಮರಳಲ್ಲಿ ಹೊರಳಿ ಅದೇ ಮೈ ಶುಚಿ ಮಾಡಿಕೊಳ್ಳುತ್ತದೆ. ಎಂ-ಸ್ಯಾಂಡ್ ಚೂಪು, ಬೇಡ. ನುಣ್ಣನೆಯ ಹೊಳೆ ಮರಳು ತೊಳೆದು, ಜರಡಿ ಹಿಡಿದು, ಪುರಿ ಭಟ್ಟಿಯವರ ಹಾಗೆ ಬಾಣಲೆಯಲ್ಲಿ ಹುರಿದು ಆರಿಸಿ ತಟ್ಟೆಯಲ್ಲಿಟ್ಟಿದ್ದೇನೆ.

ಈಗ ಸೆಕೆ ವಿಚಾರ. ಇದಕ್ಕೆ ಹಿತವಾದದ್ದು 18ರಿಂದ 24 ಡಿಗ್ರಿ. 30 ದಾಟಿದರೆ ಕಷ್ಟ. ಏಪ್ರಿಲ್‌ನಲ್ಲಿ ತುಮಕೂರು 35 ದಾಟುವುದು ಮಾಮೂಲು, ಆರ್‌ಸಿಸಿ ಮನೆಯ ಮೇಲಿನ ಕೋಣೆಯಂತೂ ಕಾದ ಕಾವಲಿ. ಇವಕ್ಕೆ ಬೆವರಿ ತಣ್ಣಗಾಗುವ ಅನುಕೂಲವಿಲ್ಲ. ಹಾಗಾಗಿ ಬರೀ ಫ್ಯಾನ್ ಗಾಳಿ ನೆಚ್ಚಿಕೊಂಡರೆ ಪ್ರಯೋಜನ ಕಮ್ಮಿ. ನೆಲದೊಳಗಿನ ತಂಪನ್ನು ಕಾಗದದ ಹಾಸು ಕೊಡುವುದಿಲ್ಲ, ಅದನ್ನು ನಾವೇ ಹೊಂದಿಸಬೇಕು. ಗೋಧಿಯ ಮನೆ ಕೆಳಗಿನ ಕೋಣೆಯಲ್ಲಿ, ಬಿಸಿಲು ಬೀಳದ ಗೋಡೆಗೆ ಇದೆ. ಒಳಗೆ ಒಂದು ಗ್ರಾನೈಟ್ ತುಂಡು, ಅಡ್ಡ ಮಲಗಿಸಿದ ಪುಟ್ಟ ಮಣ್ಣಿನ ಮಡಕೆ. ಮಧ್ಯಾಹ್ನ ನೋಡಿದರೆ ಮಡಕೆಯೊಳಗೆ ಹೊಟ್ಟೆ ಅಂಟಿಸಿ, ಕಾಲು ಚಾಚಿ ಬಿದ್ದಿರುತ್ತದೆ. ಸೆಕೆ ಜಾಸ್ತಿಯಾದ ದಿನ ಫ್ರೀಜರ್‌ನಲ್ಲಿ ಗಟ್ಟಿಯಾದ ನೀರಿನ ಬಾಟಲಿಯನ್ನು ಬಟ್ಟೆ ಸುತ್ತಿ ಜಾಲರಿ ಮೇಲೆ ಒಂದು ಮೂಲೆಯಲ್ಲಿ ಇಡುತ್ತೇನೆ, ಕಿಟಕಿಗೆ ಒದ್ದೆ ಗೋಣಿತಟ್ಟು. ಮಂಕಾಗಿ, ಬಾಯಿ ಜೊಲ್ಲು ಸುರಿಸಿ, ಜೋರಾಗಿ ಏದುಸಿರು ಬಿಟ್ಟರೆ ಬಿಸಿಲು ಹೊಡೆದಿದೆ ಅಂತಲೇ. ಆಗ ತಂಪು ಜಾಗಕ್ಕೆ ತಂದು, ಮಾಮೂಲಿ ತಣ್ಣೀರಲ್ಲಿ ಅದ್ದಿ ಹಿಂಡಿದ ಬಟ್ಟೆಯಿಂದ ಮೈ ಒರೆಸಿ ವೈದ್ಯರ ಬಳಿಗೆ ಓಡಬೇಕು. ಐಸ್ ನೀರಲ್ಲಿ ಮುಳುಗಿಸಬೇಡಿ.

ಊಟಕ್ಕೆ ನಮ್ಮ ಜಿಲ್ಲೆಗಿಂತ ಒಳ್ಳೆ ಜಾಗ ಬೇಕಾ? ನವಣೆ, ಸಾಮೆ, ಕೊರಲೆ ಎಲ್ಲ ಇಲ್ಲೇ ಬೆಳೆಯುತ್ತವೆ. ಅಕ್ಕಿ ಮಾಡಿಸದೆ ಸಿಪ್ಪೆ ಸಮೇತ ಕೊಟ್ಟರೆ ತಾನೇ ಸುಲಿದು ತಿನ್ನುತ್ತದೆ. ಅದರ ಜೊತೆ ಹ್ಯಾಮ್‌ಸ್ಟರ್ ಪೆಲೆಟ್ (ಅಂಗಡಿಯಲ್ಲಿ ಸಿಗುವ ಒಣ ಆಹಾರದ ಗುಳಿಗೆ) ಬೆರೆಸಿ, ದಿನಕ್ಕೆ ಒಂದು ದೊಡ್ಡ ಚಮಚ. ಆಗಾಗ ಬೇಯಿಸಿದ ಮೊಟ್ಟೆಯ ಬಿಳಿ ಚೂರು, ಸೌತೆ, ಕೊತ್ತಂಬರಿ ಸೊಪ್ಪು. ಸೂರ್ಯಕಾಂತಿ ಬೀಜ ಕೊಬ್ಬು, ಎರಡೋ ಮೂರೋ ಸಾಕು. ಈರುಳ್ಳಿ, ಬೆಳ್ಳುಳ್ಳಿ, ನಿಂಬೆ ಜಾತಿಯ ಹಣ್ಣು, ಚಾಕೊಲೇಟ್ ಕೊಡಬಾರದು. ಕುಳ್ಳ ಜಾತಿಗಳಿಗೆ ಸಕ್ಕರೆ ಕಾಯಿಲೆ ಬೇಗ ಬರುತ್ತದೆ, ಅವಕ್ಕೆ ಹಣ್ಣೇ ಬೇಡ. ಕೊಟ್ಟಿದ್ದನ್ನು ಕೆನ್ನೆ ಚೀಲದಲ್ಲಿ ತುಂಬಿಕೊಂಡು ಹೋಗಿ ಬಿಲದ ಮೂಲೆಯಲ್ಲಿ ಕೂಡಿಡುತ್ತದೆ. ಆ ಕಣಜ ಖಾಲಿ ಮಾಡಬೇಡಿ, ಹಸಿ ತರಕಾರಿ ಮಾತ್ರ ತೆಗೆಯಿರಿ. ಉಚ್ಚೆ ಹೊಯ್ಯುವುದು ಒಂದೇ ಮೂಲೆಯಲ್ಲಿ. ದಿನಾ ಅಷ್ಟನ್ನು ಮಾತ್ರ ಬದಲಾಯಿಸುತ್ತೇನೆ. ಪೂರ್ತಿ ಹಾಸು ಒಟ್ಟಿಗೇ ಎಸೆದರೆ ತನ್ನ ವಾಸನೆ ಸಿಗದೆ ಗಾಬರಿಯಾಗುತ್ತದೆ.

ಕಾಳು ಇದ್ದಲ್ಲಿ ಇರುವೆ ಬರದೆ ಇರುತ್ತವಾ? ಶೋಕೇಸ್ ಕಾಲುಗಳನ್ನು ನೀರಿನ ಬಟ್ಟಲಲ್ಲಿ ನಿಲ್ಲಿಸಿದೆ, ಹಿಂದೆ ತಿಂಡಿ ಬೀರುವಿಗೆ ಮಾಡುತ್ತಿದ್ದಂತೆ. ಇರುವೆ ಚಾಕ್ ವಿಷ, ಹತ್ತಿರ ಎಳೆಯಬೇಡಿ.

ಕೈಗೆ ಹೊಂದಿಕೊಳ್ಳಲು ಆತುರ ಬೇಡ. ತಂದ ಹೊಸತರಲ್ಲಿ ಸುಮ್ನೆ ಬಿಟ್ಟುಬಿಡಿ. ಆಮೇಲೆ ಸಂಜೆ ಅಂಗೈಯಲ್ಲಿ ಬೀಜ ಇಟ್ಟು ಕಾಯಿರಿ. ಮೇಲಿನಿಂದ ಗಬಕ್ಕನೆ ಹಿಡಿದರೆ ಹದ್ದು ಎರಗಿದಂತೆ ಬೆದರಿ ಕಚ್ಚುತ್ತದೆ. ಮಗಳು ನೆಲದಲ್ಲಿ ಕೂತೇ ಎತ್ತಿಕೊಳ್ಳಬೇಕು ಅನ್ನುವುದು ನಮ್ಮ ಮನೆ ಕಾನೂನು.

ಇದರ ಆಯಸ್ಸು ಎರಡು, ಹೆಚ್ಚೆಂದರೆ ಮೂರು ವರ್ಷ. ಮಕ್ಕಳಿಗೆ ಇದನ್ನು ತರುವ ಮುಂಚೆಯೇ ಹೇಳಿಬಿಡಿ. ನಮ್ಮೂರಲ್ಲಿ ದನ, ನಾಯಿ ನೋಡುವ ಡಾಕ್ಟರು ಇದ್ದಾರೆ, ಇಷ್ಟು ಸಣ್ಣ ಪ್ರಾಣಿ ನೋಡುವವರು ಬೇಕಾದರೆ 70 ಕಿ.ಮೀ. ದೂರದ ಬೆಂಗಳೂರೇ ಗತಿ. ಆ ನಂಬರ್ ಮೊದಲೇ ಬರೆದಿಟ್ಟುಕೊಳ್ಳಿ. ಹಬ್ಬಕ್ಕೆ ಊರಿಗೆ ಹೋಗುವುದಿದ್ದರೆ ಒಂದು ರಾತ್ರಿಯ ಮಟ್ಟಿಗೆ ಕಾಳು, ಎರಡು ನೀರಿನ ಬಾಟಲಿ ಇಟ್ಟು ಹೋಗಬಹುದು. ಬೇಸಿಗೆಯಲ್ಲಿ ಅದೂ ಬೇಡ, ಪಕ್ಕದ ಮನೆಗೆ ಕೀ ಕೊಟ್ಟು ಹೋಗಿ.