ಉಡುಪಿಯಲ್ಲೇ ಇದ್ದು ಸೀರಿಯಲ್ ಅಮ್ಮನಾದದ್ದು

"ಬೆಂಗಳೂರಲ್ಲಿ ಮನೆ ಮಾಡದವಳಿಗೆ ಸೀರಿಯಲ್ ಸಿಗ್ಲಿಕ್ಕುಂಟಾ?" ಅಂತ ನಮ್ಮ ನಾಟಕ ತಂಡದವರೇ ನಕ್ಕಿದ್ದರು. ಈಗ ನಾಲ್ಕನೇ ಸೀರಿಯಲ್ ನಡೆಯುತ್ತಿದೆ. ಮನೆ ಉಡುಪಿಯಲ್ಲೇ.

ಮೊದಲು ನಾನೂ ಬೆಂಗಳೂರಿಗೆ ಹೋಗಿದ್ದೆ. ನಾಗರಬಾವಿಯಲ್ಲಿ ಒಂದು ರೂಮು, ಬಾಡಿಗೆ 8,500 ಇರಬೇಕು. ತಿಂಗಳಿಗೆ ಆರು ದಿನ ಕೆಲಸ, ದಿನಕ್ಕೆ 1,500. ಲೆಕ್ಕ ನೀವೇ ಹಾಕಿ. ಅದೂ ಕೈಗೆ ಬರುವುದು ಮೂರು ತಿಂಗಳ ಮೇಲೆ, ಟಿಡಿಎಸ್ (ಮೊದಲೇ ಹಿಡಿದುಕೊಳ್ಳುವ ತೆರಿಗೆ) ಕಳೆದು. ಒಂದು ಸೀರಿಯಲ್ ಅರ್ಧಕ್ಕೆ ನಿಂತು ನನ್ನ 38 ಸಾವಿರದಷ್ಟು ಮುಳುಗಿತು. ಫೋನ್ ಮಾಡಿ ಮಾಡಿ ನನಗೇ ನಾಚಿಕೆಯಾಯಿತು. ಹತ್ತು ತಿಂಗಳಿಗೆ ಕುಕ್ಕರ್ ಕಟ್ಟಿಕೊಂಡು ವಾಪಸ್ ಬಂದೆ.

ಆಮೇಲೆ ಹೊಳೆದದ್ದು ಇಷ್ಟೇ. ನನ್ನದು ಅಮ್ಮನ ಪಾತ್ರ. ಸೀರಿಯಲ್ ಅಮ್ಮ ಹಾಲ್, ಅಡುಗೆಮನೆ, ದೇವರಕೋಣೆ ಬಿಟ್ಟು ಎಲ್ಲಿಗೆ ಹೋಗ್ತಾಳೆ? ಎಲ್ಲ ಒಂದೇ ಮನೆಯೊಳಗೆ. ಹಾಗಾಗಿ ಸೀರಿಯಲ್ ಮ್ಯಾನೇಜರ್‌ಗಳ ಹತ್ತಿರ ನೇರವಾಗಿ ಹೇಳಿದೆ: ತಿಂಗಳಿಗೆ ಎರಡು ಸಲ ಬರುತ್ತೇನೆ, ಐದೈದು ದಿನ. ಬೆಳಗ್ಗೆ 7ರಿಂದ ರಾತ್ರಿ 9ರವರೆಗೆ ಹಿಂಡಿ, ನನ್ನ ಸೀನೆಲ್ಲ ಬ್ಯಾಂಕಿಂಗ್ ಮಾಡಿಕೊಳ್ಳಿ, ಅಂದರೆ ಮುಂಚೆಯೇ ಶೂಟ್ ಮಾಡಿ ಇಟ್ಟುಕೊಳ್ಳಿ. ಉಳಿದ ದಿನ ಕಥೆಯಲ್ಲಿ ಅಮ್ಮನನ್ನು ಧರ್ಮಸ್ಥಳಕ್ಕೆ ಕಳಿಸಿ. ಇಬ್ಬರು ಫೋನ್ ಇಟ್ಟರು. ಮೂರನೆಯವರು ಒಪ್ಪಿದರು. ಸೀನ್ ಪೇಪರನ್ನು (ಸಂಭಾಷಣೆ ಬರೆದ ಹಾಳೆ) ಮೊದಲೇ ತರಿಸಿಕೊಳ್ಳುವುದು ಹೇಗೆ ಅನ್ನುವುದು ನನ್ನಲ್ಲೇ ಇರಲಿ.

ಮಳೆಗಾಲವೇ ತಲೆನೋವು. ಬೆಂಗಳೂರಿನ ದಾರಿಯ ಶಿರಾಡಿ ಘಾಟಿಯಲ್ಲಿ ಗುಡ್ಡ ಜರಿದರೆ ಕಾಲ್‌ಶೀಟ್ (ಶೂಟಿಂಗಿಗೆ ಕೊಟ್ಟ ದಿನ) ಹೋಯಿತು, ರೈಲೂ ಘಟ್ಟ ಹತ್ತಿಯೇ ಹೋಗಬೇಕಲ್ವಾ. ಒಮ್ಮೆ ಹೀಗೆ ಸಿಕ್ಕಿಬಿದ್ದು ಬೈಸಿಕೊಂಡೆ. ಈಗ ಜೂನ್‌ನಿಂದ ಸೆಪ್ಟೆಂಬರ್ ತನಕ ಒಂದು ದಿನ ಮೊದಲೇ ಹೊರಡುತ್ತೇನೆ. ರಾತ್ರಿಗೆ ಗೆಳತಿಯ ಮನೆ. ಅವಳಿಗೆ ಕುಚ್ಚಲಕ್ಕಿ, ಒಣ ಸಿಗಡಿ ತಪ್ಪಿಸುವ ಹಾಗಿಲ್ಲ.

ಭಾಷೆಯಲ್ಲೂ ಪೆಟ್ಟು ತಿಂದೆ. ನಮ್ಮ ಬಾಯಲ್ಲಿ 'ಬರ್ತದೆ', ಬೆಂಗಳೂರಿನವರಿಗೆ 'ಬರತ್ತೆ'. ಅಳುವ ಸೀನಿನ ನಡುವೆ 'ಎಂತ ಆಯ್ತು' ಅಂದುಬಿಟ್ಟೆ, ಸೆಟ್ಟಿಗೆ ಸೆಟ್ಟೇ ನಕ್ಕಿತು. ಎರಡು ತಿಂಗಳು ಮನೆಯಲ್ಲೂ 'ಬರತ್ತೆ, ಹೋಗತ್ತೆ' ಅಂತಲೇ ಮಾತಾಡಿದೆ. ಗಂಡ ಹೆದರಿಬಿಟ್ಟರು.

ಸೀನಿಗೆ ಉಡುವ ಸೀರೆ ನಮ್ಮದೇ ತರಬೇಕು. ಹನ್ನೆರಡು ದಿನದ ಮೇಲೆ ಅದೇ ಸೀನ್ ಮುಂದುವರಿದರೆ ಅದೇ ಸೀರೆ, ಅದೇ ಬ್ಲೌಸ್, ಅದೇ ಅಳತೆಯ ಬಿಂದಿ. ಮೊದಲು ಮೊಬೈಲ್ ಫೋಟೋ ನಂಬಿದ್ದೆ. ಫೋನ್ ಕೆಟ್ಟ ದಿನ ಕಣ್ಣೀರು ಬಂತು. ಈಗ ಸೀರೆಯ ಫಾಲ್ ಒಳಗೆ ಬಟ್ಟೆ ಚೂರು ಹೊಲಿದು ನಂಬರ್ ಬರೆದಿದ್ದೇನೆ. ಬ್ಲೌಸಿನ ಕುತ್ತಿಗೆ ಪಟ್ಟಿಯ ಒಳಗೂ ಅದೇ ನಂಬರ್. ಬಿಂದಿ ಹಾಳೆಯನ್ನೂ ಜೊತೆಗೇ ಪಿನ್ ಮಾಡಿಡುವುದು. 41ರ ತನಕ ಬಂದಿದೆ. ಕೂದಲು ನೆರೆತ ಹಾಗೆ ಕಾಣಲಿ ಅಂತ ಟಾಲ್ಕಂ ಪೌಡರ್ ಹಾಕಿ ನೋಡಿದೆ, ಲೈಟಿಗೆ ಬೂದಿ ಬಳಿದ ಹಾಗೆ ಕಂಡಿತು. ಬಿಟ್ಟೆ.

ಈಗ ದಿನಕ್ಕೆ 4,500 ಹತ್ತಿರ. ಬಸ್ಸು, ಸೀರೆ ಇಸ್ತ್ರಿ ಎಲ್ಲ ಕಳೆದು ತಿಂಗಳಿಗೆ 35 ಸಾವಿರದ ಆಸುಪಾಸು ಉಳಿಯುತ್ತದೆ. ನಡುವೆ ತುಳು ನಾಟಕ, ತುಳು ಸಿನಿಮಾ. ಅದು ಊರಿನ ಕೆಲಸ, ಬಸ್ ಚಾರ್ಜ್ ಇಲ್ಲ.

ಮುಂದಿನ ಸಲ ಸೀಮಂತದ ಸೀನ್ ಉಂಟಂತೆ. ಹಸಿರು ಸೀರೆ ನನ್ನಲ್ಲಿ ಒಂದೇ, 17ನೇ ನಂಬರ್, ಎರಡು ಸೀರಿಯಲ್‌ನಲ್ಲಿ ಉಟ್ಟಾಗಿದೆ. ನಾಳೆ ಅಕ್ಕನ ಕಪಾಟು ಜಾಲಾಡಬೇಕು.