ಇಂಗ್ರಿಡ್ ಶ್ಟೇಗರ್ ಚಿತ್ರಪಟ್ಟಿ: ನಾನು ಹೊಂದಿಸಿದ ಕ್ರಮ

ಜರ್ಮನ್ ನಟಿ ಇಂಗ್ರಿಡ್ ಶ್ಟೇಗರ್ (1947–2023) ಅವರ ಚಿತ್ರಪಟ್ಟಿಯಲ್ಲಿ ಟಿವಿಯ ಕಾಲ ತೊಂದರೆ ಕೊಡುವುದಿಲ್ಲ. ಹಾಸ್ಯ ಸರಣಿ ‘ಕ್ಲಿಂಬಿಂ’ 1973ರಿಂದ 1979, ‘ಡೇರ್ ಗ್ರೋಸ್ಸೆ ಬೆಲ್‌ಹೈಮ್’ 1993: ಇಂಥವುಗಳ ವರ್ಷ ಸುಲಭವಾಗಿ ಸಿಗುತ್ತದೆ. ಸಿಕ್ಕು ಬೀಳುವುದು ಅದಕ್ಕೂ ಹಿಂದೆ, 1970ರ ದಶಕದ ಮೊದಲ ವರ್ಷಗಳ ಶೃಂಗಾರ ಚಿತ್ರಗಳಲ್ಲಿ.

ನಾನು ಇಟ್ಟುಕೊಂಡದ್ದು ಏಳು ಕಾಲಂಗಳ ಹಾಳೆ: ಮೂಲ ಹೆಸರು, ಇತರ ಹೆಸರುಗಳು, ನಿರ್ದೇಶಕ, ನಿರ್ಮಾಣದ ದೇಶ, ಮೊದಲ ಪ್ರದರ್ಶನದ ದಿನ, ಉದ್ದ, ಪಾತ್ರ. ಹೆಸರನ್ನೇ ಗುರುತೆಂದು ನಂಬಿದರೆ ಪಟ್ಟಿ ಊದಿಕೊಳ್ಳುತ್ತದೆ. ವಿತರಕರು ಹಳೇ ಚಿತ್ರಕ್ಕೆ ಹೊಸ ಹೆಸರು, ಹೊಸ ಪೋಸ್ಟರ್ ಹಾಕಿ ಮತ್ತೆ ಓಡಿಸುತ್ತಿದ್ದರು. ವಿಡಿಯೊ ಕ್ಯಾಸೆಟ್ ಬಂದಾಗ ಮೂರನೆಯ ಹೆಸರು, ಇಟಲಿಗೋ ಫ್ರಾನ್ಸಿಗೋ ಹೋದರೆ ಇನ್ನೊಂದು. ನಿರ್ದೇಶಕ, ಉದ್ದ, ತಾರಾಗಣ ಮೂರೂ ಹೊಂದಿದರೆ ಎರಡು ಸಾಲನ್ನು ಒಂದು ಮಾಡುತ್ತೇನೆ. ಬರೀ ಎರಡು ಹೊಂದಿದರೆ ಮುಟ್ಟುವುದಿಲ್ಲ.

ನಿರ್ದೇಶಕನ ಕಾಲಂ ಕೂಡ ಮೋಸ ಮಾಡುತ್ತದೆ. ಶ್ಟೇಗರ್ ನಟಿಸಿದ ‘ಇಶ್, ಐನ್ ಗ್ರೂಪಿ’ (1970) ಚಿತ್ರದ ನಿರ್ದೇಶಕ ಎರ್ವಿನ್ ಸಿ. ಡೀಟ್ರಿಶ್ ಕೆಲವು ಚಿತ್ರಗಳಲ್ಲಿ ‘ಮೈಕೆಲ್ ಥಾಮಸ್’ ಎಂಬ ಹೆಸರು ಬಳಸಿದವರು. ಅಲ್ಲದೆ ಅವರು ಸ್ವಿಸ್ ನಿರ್ಮಾಪಕ. ಜರ್ಮನ್ ಚಿತ್ರಗಳನ್ನು ಮಾತ್ರ ಸೋಸಿ ಹುಡುಕಿದರೆ ಇಂಥವು ತಪ್ಪಿಹೋಗಬಹುದು. ಹಾಗಾಗಿ ಫ್ರಾಂಕ್‌ಫರ್ಟ್‌ನ ಚಲನಚಿತ್ರ ಸಂಸ್ಥೆ ನಡೆಸುವ ಫಿಲ್ಮ್‌ಪೋರ್ಟಾಲ್ ಎಂಬ ಜಾಲತಾಣ ನೋಡಿದ ಮೇಲೆ ಸ್ವಿಸ್ ದಾಖಲೆಯನ್ನು ಬೇರೆಯಾಗಿಯೇ ಹುಡುಕಬೇಕು.

ಉದ್ದ ಹೋಲಿಸುವಲ್ಲಿ ಎಡವುವವರೇ ಹೆಚ್ಚು. ಚಿತ್ರಮಂದಿರದಲ್ಲಿ ಸೆಕೆಂಡಿಗೆ 24 ಫ್ರೇಮ್, ಜರ್ಮನಿಯಲ್ಲಿದ್ದ ‘ಪಾಲ್’ ಎಂಬ ಟಿವಿ–ವಿಡಿಯೊ ಪದ್ಧತಿಯಲ್ಲಿ 25. ಆದ್ದರಿಂದ 90 ನಿಮಿಷದ ಚಿತ್ರ ಕ್ಯಾಸೆಟ್‌ನಲ್ಲಿ 86 ನಿಮಿಷ 24 ಸೆಕೆಂಡಿಗೆ ಮುಗಿಯುತ್ತದೆ. ಇದನ್ನು ಕತ್ತರಿ ಪ್ರಯೋಗ ಎಂದು ಬರೆದರೆ ತಪ್ಪು. ವಿಡಿಯೊದ ಸಮಯವನ್ನು 25ರಿಂದ ಗುಣಿಸಿ 24ರಿಂದ ಭಾಗಿಸಿ. ಆಮೇಲೂ ಕಡಿಮೆ ಉಳಿದರೆ ಮಾತ್ರ ಕತ್ತರಿ ಬಿದ್ದಿರಬಹುದು. ವೀಸ್‌ಬಾಡನ್‌ನ ಎಫ್‌ಎಸ್‌ಕೆ, ಅಂದರೆ ವಯೋಮಿತಿ ನಿರ್ಧರಿಸುವ ಮಂಡಳಿ, ಉದ್ದವನ್ನು ಮೀಟರಿನಲ್ಲಿ ಕೊಟ್ಟಿದ್ದರೆ ಇನ್ನೂ ಸುಲಭ: 35 ಮಿ.ಮೀ. ಫಿಲ್ಮ್ ನಿಮಿಷಕ್ಕೆ ಸುಮಾರು 27.4 ಮೀಟರ್ ಓಡುತ್ತದೆ, 2,466 ಮೀಟರ್ ಎಂದರೆ 90 ನಿಮಿಷ.

ಪಾತ್ರದ ಕಾಲಂ ತುಂಬಲು ಚಿತ್ರವನ್ನೇ ನೋಡದೆ ಗತಿಯಿಲ್ಲ. ಆ ಕಾಲದ ‘ರಿಪೋರ್ಟ್’ ಮಾದರಿಯ ಚಿತ್ರಗಳು ಬಿಡಿಬಿಡಿ ಪ್ರಸಂಗಗಳ ಸರಮಾಲೆ. ಒಬ್ಬ ನಟಿ ಒಂದೇ ಪ್ರಸಂಗದಲ್ಲಿ ಬಂದು ಹೋಗಿರಬಹುದು, ಆದರೆ ಮರುಬಿಡುಗಡೆಯ ಪೋಸ್ಟರ್ ಆಕೆಯನ್ನೇ ನಾಯಕಿ ಮಾಡಿಬಿಡುತ್ತದೆ, ಅದರಲ್ಲೂ ಆಮೇಲೆ ಟಿವಿಯಲ್ಲಿ ಹೆಸರಾದವರಾದರೆ. ಯಾವ ಪ್ರಸಂಗ, ಎಷ್ಟನೆಯ ನಿಮಿಷದಿಂದ ಎಷ್ಟನೆಯದರವರೆಗೆ ಎಂದು ಬರೆದುಕೊಳ್ಳಿ. ದನಿ ನೆಚ್ಚಿ ಗುರುತು ಹಿಡಿಯಬೇಡಿ. ಮಾತು ನಂತರ ಸ್ಟುಡಿಯೊದಲ್ಲಿ ಸೇರಿಸಿದ್ದು, ಬೇರೆಯವರದ್ದೂ ಆಗಿರಬಹುದು.

ಇನ್ನು ಹಣೆಪಟ್ಟಿಯ ಮಾತು. ‘ನೀಲಿಚಿತ್ರ ನಟಿ’ ಎಂದು ಕನ್ನಡದಲ್ಲಿ ಸಲೀಸಾಗಿ ಬರೆದುಬಿಡುತ್ತಾರೆ. ಪಶ್ಚಿಮ ಜರ್ಮನಿಯಲ್ಲಿ ಅಶ್ಲೀಲಚಿತ್ರದ ಮೇಲಿನ ನಿಷೇಧ ಸಡಿಲವಾದದ್ದು 1973ರ ಕಾನೂನು ತಿದ್ದುಪಡಿಯಿಂದ, ಅದು ಜಾರಿಗೆ ಬಂದದ್ದು 1975ರಲ್ಲಿ. ಅದಕ್ಕೂ ಮುಂಚೆ ಸಾಮಾನ್ಯ ಚಿತ್ರಮಂದಿರಗಳಲ್ಲಿ ಓಡಿದ ಈ ಚಿತ್ರಗಳಲ್ಲಿ ನಗ್ನತೆ ಇದೆ, ಹಾಸ್ಯ ಇದೆ, ಕಾಮಕ್ರಿಯೆ ಬರೀ ನಟನೆ. ನನ್ನ ಹಾಳೆಯಲ್ಲಿ ಇವು ‘ಶೃಂಗಾರ ಹಾಸ್ಯ’ ಅಥವಾ ‘ಶೃಂಗಾರ ಚಿತ್ರ’. ಹಳೇ ಚಿತ್ರಕ್ಕೆ ಬೇರೆಯವರ ದೇಹದ ದೃಶ್ಯಗಳನ್ನು ಅಂಟಿಸಿ ಮತ್ತೆ ಮಾರಿದ್ದೂ ಈ ವ್ಯಾಪಾರದಲ್ಲಿ ಉಂಟು. ನಡುವೆ ಫಿಲ್ಮಿನ ಬಣ್ಣ, ಬೆಳಕು, ಕೋಣೆ ಏಕಾಏಕಿ ಬದಲಾಗಿ ಮುಖ ಕಾಣದಿದ್ದರೆ ಆ ಪ್ರತಿಯನ್ನು ಆಧಾರವಾಗಿ ಹಿಡಿಯಬೇಡಿ.

ಹೆಸರಿನ ಕಾಗುಣಿತ ಒಂದೇ ಕಡೆ ನಿಗದಿ ಮಾಡಿ. ಜರ್ಮನ್‌ನಲ್ಲಿ ಪದದ ಮೊದಲ ‘ಸ್ಟ’ವನ್ನು ‘ಶ್ಟ’ ಎನ್ನುತ್ತಾರೆ. ‘ಸ್ಟೀಗರ್’ ಎಂದು ಹುಡುಕುವವರಿಗಾಗಿ ಆ ರೂಪವನ್ನೂ ಇತರ ಹೆಸರುಗಳ ಸಾಲಿನಲ್ಲಿ ಸೇರಿಸಿದ್ದೇನೆ.